ರೂಬೆನ್ನನ ಹೆಂಡತಿ

"ಅವನು ಸಾಯೋದನ್ನ ಮಾತ್ರ ತೋರಿಸಬ್ಯಾಡ ಕಣವ್ವ," ಎಂದಳು ಈರಕ್ಕ, ಹುಡುಗಿ ಲ್ಯಾಪ್‌ಟಾಪ್ ತೆರೆಯುವ ಮೊದಲೇ. "ಬದುಕಿರೋದು ಏನಾರ ಇದ್ರೆ ತೋರ್ಸು. ಒಂದು ಸಲ ಅವನ ಮುಖ ನೋಡಬೇಕು, ಅಷ್ಟೇ."

ಮೈಸೂರಿನಿಂದ ಬಂದಿದ್ದ ದೇವಿಕಾ ತಬ್ಬಿಬ್ಬಾದಳು. "ಯಾವ ಸಾವು ಅಜ್ಜಿ?"

"ಹಂಗಂದ್ರೆ? ಮನುಷ್ಯ ಎಷ್ಟು ಸಲ ಸಾಯ್ತಾನೆ?"

ಅಯ್ಯೋ, ಓದಿದ ಹುಡುಗಿಯರಿಗೆ ಮಾತಿನ ಹದವೇ ಗೊತ್ತಿಲ್ಲ ಎಂದುಕೊಂಡಳು ಈರಕ್ಕ. ದೇವಿಕಾಳೂ ಕೆದಕಲು ಹೋಗಲಿಲ್ಲ. ಇಸ್ರೇಲಿನ ಹಳೆಯ ಸಿನಿಮಾಗಳನ್ನು ಕಾಪಾಡುವ ಸಂಸ್ಥೆಯೊಂದು ಅವಳನ್ನು ಕಳಿಸಿತ್ತು. ಅಲ್ಲಿನ ಮೊದಮೊದಲ ಚಿತ್ರಗಳಲ್ಲಿ ನಟಿಸಿದ ರೂಬೆನ್ ದುರ್ಗದ ಕಡೆಯವನು, ನಾಟಕ ಕಂಪನಿಯಲ್ಲಿದ್ದವನು. ಅವನ ಜೊತೆ ಪಾರ್ಟು ಮಾಡಿದವರಲ್ಲಿ ಉಳಿದಿರುವುದು ಬಾಗೂರಿನ ಈರಕ್ಕ ಒಬ್ಬಳೇ ಎಂದು ಹುಡುಕಿಕೊಂಡು ಬಂದಿದ್ದಳು.

"ಅಲ್ಲೂ ಬಣ್ಣ ಹಚ್ಚಿದ್ನಾ?" ಎಂದು ಈರಕ್ಕ ಕಣ್ಣರಳಿಸಿ ಕೇಳಿದ್ದಳು. ಸಾಯುವ ಮೊದಲು ಅದೊಂದು ಸುಖವನ್ನಾದರೂ ಕಂಡನಲ್ಲ, ಪಾಪ! ತಾನು ಅವನ ಹೆಂಡತಿಯಾಗಿದ್ದೆ ಎಂದು ಮಾತ್ರ ಬಾಯಿಬಿಡಲಿಲ್ಲ. ಗೋಡೆಯ ಮೇಲೆ ಎರಡನೆಯ ಗಂಡ ಜುಂಜಯ್ಯನ ಫೋಟೋ ಇತ್ತು.

ರೂಬೆನ್ ಮಾರಿಕಣಿವೆ ಅಣೆಕಟ್ಟಿನ ಓವರ್‌ಸಿಯರ್ ಮಗ. ಕೊಂಕಣದ ಕಡೆಯ ಯೆಹೂದಿ ಮನೆತನ. ಶನಿವಾರ ಅವರ ಮನೆಯಲ್ಲಿ ಒಲೆ ಹಚ್ಚುತ್ತಿರಲಿಲ್ಲ. ಹಿರಿಯೂರಿನಲ್ಲಿ ಕಂಪನಿ ಮುಕ್ಕಾಂ ಹೂಡಿದಾಗ ಹುಡುಗ ಅದರ ಬೆನ್ನು ಹತ್ತಿದ, ಹಾರ್ಮೋನಿಯಂ ಮೂರ್ತಪ್ಪನ ಮಗಳು ಈರಕ್ಕನನ್ನೇ ಕಟ್ಟಿಕೊಂಡ. ಎಂಥಾ ತುಂಟ ಅಂತೀರಿ! ರಣರಂಗದಲ್ಲಿ ಸತ್ತು ಬಿದ್ದಿದ್ದವನು, ಜನ ವನ್ಸ್ ಮೋರ್ ಎಂದು ಕೂಗಿದರೆ ಎದ್ದು ಮತ್ತೆ ಹಾಡುತ್ತಿದ್ದ, ಹಾಡಿ ಮತ್ತೆ ಸಾಯುತ್ತಿದ್ದ. ಪಕ್ಕದಲ್ಲಿ ಕುಳಿತು ಅಳಬೇಕಾದ ಈರಕ್ಕನಿಗೆ ನಗು ತಡೆಯುವುದೇ ಕಷ್ಟವಾಗುತ್ತಿತ್ತು.

ಅಪ್ಪ ಅಮ್ಮನ ಜೊತೆ ಇಸ್ರೇಲಿಗೆ ಹೊರಟಾಗ ರೂಬೆನ್, "ಒಂದು ನೆಲೆ ಆಗ್ಲಿ, ನಿನ್ನ ಕರೆಸ್ಕಂತೀನಿ," ಎಂದ. ಮರದ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿತೆಂದು ಒಂದು ಕಾಗದ ಬಂತು. ಅದಾದ ಮೇಲೆ ಬಂದದ್ದು ಒಂದು ಫೋಟೋ.

ಬೀದಿಯ ಮಣ್ಣಿನಲ್ಲಿ ರೂಬೆನ್ ಅಂಗಾತ ಬಿದ್ದಿದ್ದ. ಅಂಗಿಯ ಎದೆಭಾಗ ಕಪ್ಪಗೆ ನೆನೆದಿತ್ತು. ಸುತ್ತಲೂ ಎದೆ ಬಡಿದುಕೊಳ್ಳುವ ಹೆಂಗಸರು. ಫೋಟೋದ ಬೆನ್ನಿಗೆ ಅಚ್ಚಾಗಿದ್ದ ಅಕ್ಷರಗಳನ್ನು ದುರ್ಗದ ಪಾದ್ರಿಗೂ ಓದಲಾಗಲಿಲ್ಲ. ಆ ಕಡೆ ಗಡಿಯಲ್ಲಿ ಗುಂಡು ಹಾರುವ ಸುದ್ದಿ ಪೇಪರಿನಲ್ಲಿ ಬರುತ್ತಲೇ ಇತ್ತು. ಓವರ್‌ಸಿಯರೇ ಕಳಿಸಿರಬೇಕು, ಬರೆಯಲು ಕೈ ಬಂದಿಲ್ಲ ಎಂದರು ಎಲ್ಲರೂ. ನಾಟಕದ ಸಾವನ್ನು ನೋಡುತ್ತಲೇ ಬೆಳೆದವಳು ಈರಕ್ಕ. ಅಲ್ಲಿ ಸಾಯುವವನ ಮೀಸೆಯೂ ಕೊಂಕುತ್ತಿರಲಿಲ್ಲ. ನಿಜವಾಗಿ ಸತ್ತವನ ಬಾಯಿ ಹೀಗೆ ತೆರೆದುಕೊಂಡಿರುತ್ತದೆಂದು ಅವಳಿಗೆ ಅವತ್ತೇ ತಿಳಿದದ್ದು.

ವೇದಾವತಿ ಹೊಳೆಯ ದಂಡೆಯಲ್ಲಿ ಈರಕ್ಕನ ಬಳೆ ಒಡೆದರು. ಮಗನ ಹೆಣ ತೋರಿಸಿದವರನ್ನು ಇನ್ನೇನು ಕೇಳುವುದು ಎಂದು ಇಲ್ಲಿಂದಲೂ ಯಾರೂ ಬರೆಯಲಿಲ್ಲ. ಕೆಲವು ವರ್ಷ ಕಳೆದ ಮೇಲೆ ಅಪ್ಪನ ಕಾಟಕ್ಕೆ ಸೋತು, ವಿಧವೆಗೆ ಸೀರೆ ಉಡಿಸಿ ಮಾಡುವ ಉಡಿಕೆಯಲ್ಲಿ ಜುಂಜಯ್ಯನ ಮನೆ ಸೇರಿದಳು. ಜುಂಜಯ್ಯ ಒಳ್ಳೆಯವನೇ, ಅವನ ಮೇಲೆ ಯಾವ ದೂರೂ ಇಲ್ಲ. ಆದರೆ ಅವನ ಪಕ್ಕದಲ್ಲೇ ಮಲಗಿ, ಸೆರಗು ಬಾಯಿಗೆ ತುರುಕಿಕೊಂಡು, ರೂಬೆನ್‌ಗಾಗಿ ಅತ್ತದ್ದುಂಟು.

"ರೂಬೆನ್ ಅವರು ತೀರಿಕೊಂಡ ಮೇಲೆ ಸಿಕ್ಕಿದ್ದನ್ನೆಲ್ಲ ಒಟ್ಟುಮಾಡಿದ್ವಿ ಅಜ್ಜಿ," ಎಂದಳು ದೇವಿಕಾ. "ಅದರಲ್ಲಿ ಒಂದು ಕಡೆ ಮಾತ್ರ ಕನ್ನಡದಲ್ಲಿ ಮಾತಾಡಿದ್ದಾರೆ. ಹೆಂಡತಿ ವಿಷಯ ಬರುತ್ತೆ. ಅವರು ಯಾರು ಅಂತ ನಿಮಗೇನಾದರೂ ಗೊತ್ತಾ ಅಂತ ಕೇಳೋಕೇ ಬಂದೆ."

ಈರಕ್ಕ ಮುಂದಕ್ಕೆ ಸರಿದು ಕುಳಿತಳು. "ಸಾಯೋದಿಲ್ಲ ತಾನೆ ಅದ್ರಾಗೆ?"

"ಇಲ್ಲ ಅಜ್ಜಿ, ಬರೀ ಮಾತು."

"ಹಂಗಾರೆ ಹಾಕವ್ವ."

ಪರದೆಯ ಮೇಲೆ ಹಣ್ಣು ಹಣ್ಣು ಮುದುಕನೊಬ್ಬ ಕುರ್ಚಿಯಲ್ಲಿ ಕುಳಿತಿದ್ದ. ಹಲ್ಲಿಲ್ಲ. ಹುಬ್ಬು ಸಹ ಬೆಳ್ಳಗೆ. ಅದೇ ಮೂಗು, ಅದೇ ಗದ್ದ. ಓವರ್‌ಸಿಯರ್ ಮಾವ! ಈರಕ್ಕನಿಗೆ ಸಂಕಟವೂ ಸಿಟ್ಟೂ ಒಟ್ಟಿಗೆ ಬಂದವು. ಮಗನನ್ನು ತೋರಿಸೆಂದರೆ ಈ ಹುಡುಗಿ ಅಪ್ಪನನ್ನು ತೋರಿಸುತ್ತಿದ್ದಾಳಲ್ಲ. ಸಾಕು, ನಿಲ್ಲಿಸು ಎನ್ನಲು ಕೈ ಎತ್ತಿದಳು. ಅಷ್ಟರಲ್ಲಿ ಮುದುಕ ಬಾಯಿ ತೆರೆದ.

"ಮೊದಲ್ನೇ ಪಿಕ್ಚರ್‌ನಾಗೇ ನಾನು ಗುಂಡು ತಿಂದು ಸಾಯ್ತೀನಿ," ಎಂದು ನಕ್ಕ. "ಆ ಸೀನಿನ ಫೋಟೋನ, ಒಂದಕ್ಷರ ಬರೀದೆ, ಊರಾಗಿದ್ದ ನನ್ ಹೆಂಡ್ತಿಗೆ ಕಳಿಸ್ದೆ, ನೋಡಿ ಖುಷಿಪಡ್ಲಿ ಅಂತ. ಆಮ್ಯಾಲೆ ಅವಳು ಒಂದು ಕಾಗದಾನೂ ಬರೀಲಿಲ್ಲ. ನಾನೂ ಬರೀಲಿಲ್ಲ. ನನ್ ಪಾರ್ಟು ಅವಳಿಗೆ ಹಿಡಿಸ್ಲಿಲ್ಲ ಅಂತ ಕಾಣ್ತೈತೆ."