ಗಂಡ ಕರೆಯುವ ಹೆಸರು

ಬಾವಿಯ ಹೂಳೆತ್ತಲು ಇಳಿದ ಈರಬಸಪ್ಪನಿಗೆ ಉಸಿರುಗಟ್ಟಿ, ಮಿದುಳಿಗೆ ಪೆಟ್ಟಾಗಿ, ಹೆಂಡತಿ ನೀಲಗಂಗವ್ವನ ಗುರುತೇ ಹೋಗಿತ್ತು. ಅದಕ್ಕೇನಂತೆ, ಆ ಊರಿನ ದವಾಖಾನೆಯಲ್ಲಿ ರಕ್ತ ಹಾಕಿದ ಹಾಗೆ ಒಬ್ಬರ ನೆನಪು ತೆಗೆದು ಇನ್ನೊಬ್ಬರಿಗೆ ಹಾಕುತ್ತಿದ್ದರು. ಕೊಟ್ಟವರಿಗೆ ಮಾತ್ರ ಅದು ಉಳಿಯುತ್ತಿರಲಿಲ್ಲ. ಅವನ ತಂಗಿ ತನ್ನ ವೈನಿಯ, ಅಂದರೆ ಅತ್ತಿಗೆಯ, ನೆನಪು ಒಂದಿಷ್ಟು ಕೊಟ್ಟಳು.

"ವೈನೀ, ಚಾ ಕೊಡ್ರಿ," ಅಂದ ಈರಬಸಪ್ಪ, ಹೆಂಡತಿಗೆ!

ನೀಲಗಂಗವ್ವನಿಗೆ ಮೊದಲು ನಗು ಬಂತು, ಆಮೇಲೆ ಅಳು. "ಲೇ ಮೆಣಸಿನಕಾಯಿ" ಎಂದು ಅವನು ಕರೆಯುತ್ತಿದ್ದ ಆ ಕೂಗಿಗೆ ಜೀವ ಹಾತೊರೆಯಿತು. ಅದನ್ನು ಬಲ್ಲವಳು ಅವಳೊಬ್ಬಳೇ.

"ನಂದು ತಗೀರಿ," ಎಂದು ದವಾಖಾನೆಯಲ್ಲಿ ತಲೆಯೊಡ್ಡಿದಳು.

ಮರುದಿನ ಅಂಗಳದಿಂದ ಕೂಗು ಬಂತು: "ಲೇ ಮೆಣಸಿನಕಾಯಿ, ಚಾ ತಾ!"

ನೀಲಗಂಗವ್ವ ಸೌಟು ಹಿಡಿದೇ ಹೊರಬಂದು ಅತ್ತಿತ್ತ ನೋಡಿದಳು.

"ಯಾರನ್ನ ಕರಿಯಾಕ್ಹತ್ತೀರಿ? ಇಲ್ಲಿ ನಾ ಒಬ್ಬಾಕಿನ ಅದೀನಲ್ರೀ."