ಓದದೆ ಬಿಟ್ಟ ಸಾಲು

ರುದ್ರಗೌಡರ ಮಗನಿಗೆ ಹೆಣ್ಣು ಕೊಡುವವರು ಮನೆತನ ನೋಡಲು ಬಂದ ದಿನವೇ ಹೆಳವ ಗುರುಸಿದ್ದ ಎತ್ತು ಹೊಡೆದುಕೊಂಡು ಬಾಗಿಲಿಗೆ ಬಂದ. ಊರೂರು ತಿರುಗಿ ಮನೆತನಗಳ ವಂಶಾವಳಿ ಓದುವುದು ಹೆಳವರ ಕಸುಬು. ಅವರ ಮೂಲಪುರುಷನಿಗೆ ಕಾಲಿರಲಿಲ್ಲವಂತೆ. ಎತ್ತಿನ ಮೇಲೆ ಕೂತೇ ವಂಶ ಹೊಗಳುತ್ತಿದ್ದನಂತೆ.

ಅವನು ಕಟ್ಟೆ ಏರಹೋದಾಗ ಗೌಡರು ತಡೆದರು. "ಅಲ್ಲೇ ಕೆಳಗ ಕುಂದ್ರಪಾ. ಮ್ಯಾಲ ಬೀಗರು ಕುಂತಾರ."

ಅಂಗಳದ ಮಣ್ಣಿನಲ್ಲಿ ಕೂತು ಹೆಳವ ಪುಸ್ತಕ ಬಿಚ್ಚಿ ಏಳು ತಲೆಮಾರು ಓದಿದ. ಯಾರು ಕೆರೆ ಕಟ್ಟಿಸಿದರು, ಯಾರು ಬರಗಾಲದಲ್ಲಿ ನೆಲದೊಳಗಿನ ಹಗೇವು ತೆಗೆದು ಊರಿಗೆ ಜೋಳ ಹಂಚಿದರು, ಒಂದನ್ನೂ ಮರೆಯಲಿಲ್ಲ. ಬೀಗರು ತಲೆದೂಗಿ ಅಲ್ಲೇ ಮಾತು ಕೊಟ್ಟರು. ತಮ್ಮವರನ್ನು ಇಷ್ಟು ಹೊಗಳಿದವನನ್ನು ಮಣ್ಣಲ್ಲಿ ಕೂರಿಸಿದೆನಲ್ಲ ಎಂದು ಗೌಡರಿಗೆ ನಾಚಿಕೆಯಾಯಿತು. ಆದರೂ ಬೀಗರೆದುರು ಮೇಲೆ ಕರೆಯಲು ನಾಲಿಗೆ ಏಳಲಿಲ್ಲ.

ಬೀಗರು ಹೊರಟ ಮೇಲೆ ಗೌಡರು ತಾವೇ ಜೋಳದ ಚೀಲ ಹೊತ್ತು ತಂದು ಎತ್ತಿನ ಮೇಲೆ ಹೇರಿದರು.

"ತಪ್ಪಾತಪಾ ನಂದು. ಮನಸಿನ್ಯಾಗ ಇಟ್ಕೋಬ್ಯಾಡ."

"ಇರಲಿ ಬಿಡ್ರಿ ಗೌಡ್ರ."

"ನಮ್ಮ ಮುತ್ಯಾನ ಹೆಸರು ಬಂದಾಗ ಒಂಚೂರು ತಡದೆಲ್ಲ, ಯಾಕ?"

"ಅಲ್ಲೊಂದು ಸಾಲು ಐತ್ರಿ. ಬೀಗರ ಮುಂದ ಓದೂ ಹಂಗಿರಲಿಲ್ಲ."

"ಈಗ ಯಾರೂ ಇಲ್ಲ. ಹೇಳು."

ಹೆಳವ ಮತ್ತೆ ಪುಸ್ತಕ ಬಿಚ್ಚಲಿಲ್ಲ. ತಲೆ ತಗ್ಗಿಸಿ, ಮೆಲ್ಲಗೆ ಹೇಳಿದ.

"ನಿಮ್ಮ ಮುತ್ಯಾ ಕೂಸಿದ್ದಾಗ ಈ ಮನಿಗೆ ದತ್ತು ಬಂದಾರ್ರಿ. ಅವರೂ ನಮ್ಮ ಮುತ್ಯಾನೂ ಒಬ್ಬಾಕಿ ತಾಯಿ ಹೊಟ್ಟ್ಯಾಗ ಹುಟ್ಟಿದವ್ರು."