ನೂರ ಹದಿನೆಂಟನೆಯ ಸಾಲು

"ಅತ್ತಿಗೆ, ತಾರೀಕು ಸರಿಯಾಗಿ ನೆನಪಿದೆ ತಾನೇ?" ಎಂದು ಗುಮಾಸ್ತ ಮೂರನೆಯ ಸಲ ಕೇಳಿದಾಗ ಅವಳಿಗೆ ರೇಗಿತು.

"ನನ್ನ ಮದುವೆ ಕಣೋ. ಬಂದವನೂ ನೀನೇ, ಎರಡೆರಡು ಸಲ ಬಡಿಸಿಕೊಂಡವನೂ ನೀನೇ."

ಗುಮಾಸ್ತ ನಗಲಿಲ್ಲ. ಅರ್ಜಿ ತುಂಬಿಸಿದ್ದ, ಶುಲ್ಕ ಕಟ್ಟಿಸಿದ್ದ, ಗುರುತಿನ ಚೀಟಿಯ ಜೆರಾಕ್ಸ್ ಲಗತ್ತಿಸಿದ್ದ. ಇನ್ನು ವಿವಾಹದ ದಫ್ತರದಲ್ಲಿ ಸಾಲು ಹುಡುಕಿ, ನಕಲು ತೆಗೆದು, ದುಂಡು ಮೊಹರು ಒತ್ತಿದರಾಯಿತು. ಆ ನಕಲು ಸೋಮವಾರದೊಳಗೆ ತಲುಪಿದರೆ, ತೀರಿಕೊಂಡ ನೌಕರನ ಹೆಂಡತಿ ಎಂದು ಸರ್ಕಾರಿ ಮನೆಯಲ್ಲಿ ಅವಳು ಇನ್ನೊಂದು ವರ್ಷ ಇರಬಹುದು. ಇಲ್ಲದಿದ್ದರೆ ಸಾಮಾನು ಬೀದಿಗೆ.

ತೀರಿಕೊಂಡವನು ಇದೇ ಮೇಜಿನ ಹಿಂದೆ ಇಪ್ಪತ್ತಾರು ವರ್ಷ ಕೂತು ಊರವರ ಮದುವೆಗಳನ್ನೆಲ್ಲ ಬರೆದವನು. ಈ ಗುಮಾಸ್ತನೂ ಅವನ ಕೈಕೆಳಗೇ ಕೆಲಸ ಕಲಿತವನು. ತಡವಾಗಿ ಬಂದ ಜೋಡಿಗಳನ್ನು ಅವಳ ಗಂಡ, "ಮದುವೆ ಆಗೋದು ನಿಮ್ಮಿಷ್ಟ, ಆಗಿದೆ ಅನ್ನೋದು ನನ್ನಿಷ್ಟ" ಎಂದು ಗದರುತ್ತಿದ್ದ. ನಮ್ಮದನ್ನು ಬರೆದಾಯಿತೇ ಎಂದು ಹೆಂಡತಿ ಕೇಳಿದರೆ ಮಾತ್ರ, "ದಫ್ತರ ನನ್ನ ಕೈಯಲ್ಲೇ ಇದೆಯಲ್ಲೇ, ನಮ್ಮದು ಎಲ್ಲಿಗೆ ಓಡಿಹೋಗುತ್ತೆ?" ಬರೆದಾಗಿದೆ ಎಂದೇ ಅವಳು ತಿಳಿದಿದ್ದಳು.

ಗುಮಾಸ್ತ ದಫ್ತರವನ್ನು ಅವಳ ಕಡೆ ತಿರುಗಿಸಿದ. ನೂರ ಹದಿನೇಳು, ಯಾರೋ ಬಡಗಿ, ಯಾರೋ ದಾದಿ. ನೂರ ಹತ್ತೊಂಬತ್ತು, ಇನ್ಯಾರೋ. ನಡುವೆ ನೂರ ಹದಿನೆಂಟು ಎಂಬ ಅಂಕಿ ಮಾತ್ರ, ಗಂಡನ ಮುದ್ದಾದ ಕೈಬರಹದಲ್ಲಿ. ಆ ಸಾಲಿನಲ್ಲಿ ಮುಂದೆಲ್ಲ ಬಿಳಿ ಕಾಗದ.

"ಜಾಗ ಹಿಡಿದಿಟ್ಟಿದ್ದಾರೆ," ಎಂದಳು, ಬಸ್ಸಿನ ಸೀಟಿನ ಮೇಲೆ ಕರವಸ್ತ್ರ ಹಾಕಿ ಇಳಿದುಹೋದವರ ಬಗ್ಗೆ ಹೇಳುವ ಹಾಗೆ.

"ತಮ್ಮದನ್ನ ತಾವೇ ಬರ್ಕೊಳ್ಳೋ ಹಾಗಿಲ್ಲ ಅತ್ತಿಗೆ. ಸಾಹೇಬರ ಎದುರಿಗೆ ಇಬ್ಬರೂ ಒಟ್ಟಿಗೆ ಸಹಿ ಹಾಕಬೇಕು. ನಾಳೆ ಕರ್ಕೊಂಡು ಬರ್ತೀನಿ ಅಂತ ಅಣ್ಣ ಅಂದಿದ್ದು ಇನ್ನೂ ಕಿವಿಯಲ್ಲಿದೆ. ಆಮೇಲೆ ನಾನೂ ಕೇಳಲಿಲ್ಲ."

"ಈಗ ನೀನೇ ಬರೆದುಬಿಡು. ನಾನು ಸಹಿ ಹಾಕ್ತೀನಿ."

"ಪಕ್ಕದ ಸಹಿ?"

ಅವಳು ಖಾಲಿ ಸಾಲಿನ ಉದ್ದಕ್ಕೂ ಬೆರಳಾಡಿಸಿದಳು. ಹಾಗೇ ಕಳಿಸಲು ಅವನಿಗೆ ಮನಸ್ಸು ಬರಲಿಲ್ಲ.

"ದಾಖಲೆ ಸಿಕ್ಕಿಲ್ಲ ಅಂತ ಒಂದು ಹಿಂಬರಹ ಕೊಡ್ತೀನಿ, ಮೊಹರು ಹಾಕಿ. ಅದನ್ನ ಹಿಡ್ಕೊಂಡು ಕೋರ್ಟಿಗೆ ಹೋಗಬಹುದು."

"ಅಲ್ಲಿ ಒಂದು ವರ್ಷ ಹಿಡಿಯುತ್ತಾ?"

"ಎರಡಾದ್ರೂ ಹಿಡಿಯುತ್ತೆ."

ಗುಮಾಸ್ತ ಅಚ್ಚಾದ ನಮೂನೆಯೊಂದನ್ನು ತೆಗೆದು ತುಂಬತೊಡಗಿದ. ಮೃತರ ಹೆಸರು ಬರೆದ. ಅರ್ಜಿದಾರಳ ಹೆಸರು ಬರೆದ. ಮುಂದಿನ ಕಾಲಂ, ಮೃತರಿಗೂ ಅರ್ಜಿದಾರರಿಗೂ ಇರುವ ಸಂಬಂಧ. ಪೆನ್ನು ಅಲ್ಲೇ ನಿಂತಿತು. ಅವನು ತಲೆ ಎತ್ತಲಿಲ್ಲ.

"ಅದಕ್ಕೇನು ಅಷ್ಟು ಯೋಚನೆ?" ಅವಳು ಕೈಚೀಲ ಎತ್ತಿಕೊಂಡು ಎದ್ದಳು. "ಪರಿಚಯದವಳು ಅಂತ ಬರ್ಕೋ."